ಪತ್ತನಾಜೆಯ ಗಡುವು, ಮಾರ್ಚ್ 31ರ ಲೆಕ್ಕ: ಕರಾವಳಿಯ ಹಳೆ ಸರಕಾರಿ ಕಟ್ಟಡಗಳು ಸೋರತೊಡಗಿದ್ದು ಹೇಗೆ?

ಕರಾವಳಿಯ ಹಂಚಿನ ಮನೆಗಳಲ್ಲಿ ಮಾಡಿನ (ಛಾವಣಿಯ) ಕೆಲಸಕ್ಕೆ ಗಡುವು ಪತ್ತನಾಜೆ. ತುಳು ಪಂಚಾಂಗದ ಬೇಶ ತಿಂಗಳ ಹತ್ತನೆಯ ದಿನ, ಅಂದರೆ ಮೇ 24–25ರ ಹೊತ್ತಿಗೆ, ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚುತ್ತವೆ, ಭೂತಾರಾಧನೆಯ ಕೋಲ–ನೇಮಗಳು ನಿಲ್ಲುತ್ತವೆ. ಅಷ್ಟರೊಳಗೆ ಒಡೆದ ಹಂಚು ಬದಲಿಸಿ, ತರಗೆಲೆ ಗುಡಿಸಿ, ಕುಂಬಾದ (ಕೊಳೆತ) ರೀಪು, ಅಂದರೆ ಹಂಚು ಕೂರುವ ಮರದ ಪಟ್ಟಿ, ತೆಗೆದು ಮುಗಿಸಿರಬೇಕು. ಸರಕಾರಿ ಕಟ್ಟಡಕ್ಕಿರುವ ಗಡುವು ಮಾರ್ಚ್ 31. ಅಂದು ಖರ್ಚಾಗದೆ ಉಳಿದ ಅನುದಾನ ರದ್ದು. ಏಪ್ರಿಲ್ ಒಂದರಿಂದ ಹೊಸ ಲೆಕ್ಕ. ಅನುದಾನ ಬಿಡುಗಡೆಯಾಗಿ, ಕ್ರಿಯಾಯೋಜನೆಗೆ ಒಪ್ಪಿಗೆ ಸಿಕ್ಕಿ, ಅಂದಾಜುಪಟ್ಟಿಗೆ ತಾಂತ್ರಿಕ ಮಂಜೂರಾತಿ ಬಂದು, ಟೆಂಡರ್ ಮುಗಿಯುವ ಹೊತ್ತಿಗೆ ಆಟಿ ತಿಂಗಳ (ಜುಲೈ–ಆಗಸ್ಟ್) ಮಳೆ ಸುರಿಯುತ್ತಿರುತ್ತದೆ.

ಮಂಗಳೂರು, ಉಡುಪಿಯ ಹಳೆ ಶಾಲೆ, ಆಸ್ಪತ್ರೆ, ಕಚೇರಿಗಳ ಸ್ಥಿತಿಗೆ ‘ದುಡ್ಡಿಲ್ಲ’ ಎಂಬ ಒಂದೇ ಕಾರಣ ಕೊಡುವುದು ರೂಢಿ. ದುಡ್ಡು ಕಡಿಮೆ ಎಂಬುದು ಸುಳ್ಳಲ್ಲ. ಆದರೆ ಇರುವಷ್ಟು ದುಡ್ಡೂ ಮೇ ತಿಂಗಳಲ್ಲಿ ಕೈಗೆ ಸಿಗುವುದಿಲ್ಲ. ಸಿಕ್ಕಿದರೂ ಮಾಡು ಹತ್ತುವ ಆಳು ಇಲಾಖೆಯಲ್ಲಿಲ್ಲ. ಒಂದು ಕಾಲದಲ್ಲಿ ಇದ್ದರು.

ಮದರಾಸು ಕಾಲದ ಕಟ್ಟಳೆ

1799ರಲ್ಲಿ ಟಿಪ್ಪು ಸುಲ್ತಾನನ ಪತನದ ಬಳಿಕ ಕರಾವಳಿ ಮದರಾಸು ಆಡಳಿತಕ್ಕೆ ಸೇರಿತು. 1956ರ ನವೆಂಬರ್ 1ರವರೆಗೂ ದಕ್ಷಿಣ ಕನ್ನಡ ಅಲ್ಲಿಯೇ ಇತ್ತು. ಈಗ ವೆನ್ಲಾಕ್ ಎನ್ನುವ ಆಸ್ಪತ್ರೆ ಆರಂಭವಾದದ್ದು 1848ರಲ್ಲಿ. ಹಂಪನಕಟ್ಟೆಯ ವಿಶ್ವವಿದ್ಯಾನಿಲಯ ಕಾಲೇಜಿನ ಮೂಲ 1868ರ ಸರಕಾರಿ ಶಾಲೆ. ಆ ಕಾಲದ ಕಟ್ಟಡಗಳ ಗೋಡೆ ಮುರಕಲ್ಲಿನದು (ಜಂಬಿಟ್ಟಿಗೆ), ಗಾರೆ ಸುಣ್ಣದ್ದು, ಮಾಡಿನ ಮರ ತೇಗ, ಹಲಸು ಅಥವಾ ಬೋಗಿ. 1865ರಲ್ಲಿ ಬಾಸೆಲ್ ಮಿಷನ್‌ನ ಜಾರ್ಜ್ ಪ್ಲೆಬ್ಸ್ಟ್ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆ ತೆರೆದ ಮೇಲೆ ಮುಳಿಹುಲ್ಲು, ನಾಡಹಂಚಿನ ಜಾಗವನ್ನು ಅಚ್ಚಿನ ಹಂಚು ಹಿಡಿಯಿತು.

ಲೋಕೋಪಯೋಗಿ ಇಲಾಖೆಯ ಪದ್ಧತಿಯಲ್ಲಿ ದುರಸ್ತಿಗೆ ಎರಡು ಹೆಸರು. ಸುಣ್ಣ ಬಳಿಯುವುದು, ಹಂಚು ಕೈಯಾಡಿಸುವುದು (ತೆಗೆದು, ಸರಿಪಡಿಸಿ ಮತ್ತೆ ಹೊದಿಸುವುದು), ಬಾಗಿಲು–ಕಿಟಕಿಗೆ ಎಣ್ಣೆ ಹಚ್ಚುವುದು ವಾರ್ಷಿಕ ದುರಸ್ತಿ. ಮರ ಬದಲಿಸುವುದು, ಗೋಡೆ ಕಟ್ಟಿ ಕೊಡುವುದು ವಿಶೇಷ ದುರಸ್ತಿ. ಮೊದಲನೆಯದಕ್ಕೆ ದೊಡ್ಡ ಮಂಜೂರಾತಿ ಬೇಡ. ಇಲಾಖೆಯ ಮೇಸ್ತ್ರಿ ದಿನಗೂಲಿ ಆಳುಗಳನ್ನು ಕರೆದು, ಮಸ್ಟರ್ ರೋಲಿನಲ್ಲಿ ಹಾಜರಿ ಬರೆದು ಮಾಡಿಸುತ್ತಿದ್ದ. ಹಳ್ಳಿಯ ಶಾಲೆ, ರಸ್ತೆಗಳ ಹೊಣೆ ಡಿಸ್ಟ್ರಿಕ್ಟ್ ಬೋರ್ಡಿನದು. ಬೋರ್ಡು ಹೋಗಿ ಅರುವತ್ತು ವರ್ಷ ಕಳೆದರೂ ಉಡುಪಿ, ಕುಂದಾಪುರದವರ ಬಾಯಲ್ಲಿ ಅದು ಇನ್ನೂ ‘ಬೋರ್ಡ್ ಹೈಸ್ಕೂಲು’.

ಹಂಚಿನ ಮಾಡಿಗೆ ಈ ವಾರ್ಷಿಕ ಕೈಯಾಟ ಎಷ್ಟು ಮುಖ್ಯ ಎಂಬುದು ಲೆಕ್ಕ ಹಾಕಿದರೆ ತಿಳಿಯುತ್ತದೆ. ಜಗಲಿ ಸೇರಿ 200 ಚದರ ಮೀಟರ್ ನೆಲವಿರುವ ಶಾಲೆ ಎಂದಿಟ್ಟುಕೊಳ್ಳಿ. ಇಳಿಜಾರು, ಹೊರಚಾಚು ಸೇರಿ ಮಾಡು ಸುಮಾರು 280 ಚದರ ಮೀಟರ್. ಮಂಗಳೂರು ಹಂಚು ಚದರ ಮೀಟರಿಗೆ ಸುಮಾರು 15 ಬೇಕು, ಒಟ್ಟು 4,200. ತೆಂಗಿನ ಗರಿ, ಮಂಗ, ಮಕ್ಕಳ ಚೆಂಡು, ಇವೆಲ್ಲದರಿಂದ ವರ್ಷಕ್ಕೆ ನೂರಕ್ಕೆ ಮೂರು ಒಡೆದರೂ 126 ಹಂಚು. ಒಬ್ಬ ಮೇಸ್ತ್ರಿ, ಇಬ್ಬರು ಆಳು, ನಾಲ್ಕೈದು ದಿನದ ಕೆಲಸ, ಅಷ್ಟೇ.

ಅದನ್ನು ಬಿಟ್ಟರೆ ಆಗುವುದು ಹೀಗೆ. ಒಂದು ಹಂಚಿನ ಬಿರುಕಿನಿಂದ ಇಳಿದ ನೀರು ಕೆಳಗಿನ ರೀಪನ್ನು ಒದ್ದೆ ಮಾಡುತ್ತದೆ. ಎರಡನೆಯ ಮಳೆಗಾಲಕ್ಕೆ ರೀಪು ಕುಂಬಾಗಿ ಬಗ್ಗುತ್ತದೆ, ಅದರ ಮೇಲಿನ ಇಡೀ ಸಾಲು ಜಾರುತ್ತದೆ. ಹಂಚಿನ ಕೊಕ್ಕೆ ಹಿಡಿಯುವುದು ರೀಪಿಗೆ. ರೀಪು ಹೋದರೆ ಹಂಚಿಗೆ ಆಸರೆಯೇ ಇಲ್ಲ. ಮೂರನೆಯ ವರ್ಷ ನೀರು ರೀಪನ್ನು ಹೊರುವ ಇಳಿಜಾರು ಮರವಾದ ಪಕ್ಕಾಸಿನ ಬುಡಕ್ಕೆ, ಅಲ್ಲಿಂದ ಗೋಡೆಯ ತಲೆಗೆ. ಗೋಡೆಯೊಳಗಿನ ಮಣ್ಣು–ಸುಣ್ಣ ತೊಳೆದು ಹೋಗಿ ಮುರಕಲ್ಲು ಸಡಿಲವಾಗುತ್ತದೆ. ಒದ್ದೆ ಮರಕ್ಕೆ ಗೆದ್ದಲು ಹತ್ತಲು ಆಮಂತ್ರಣ ಬೇಕಿಲ್ಲ. ನೂರಿಪ್ಪತ್ತು ಹಂಚಿನ ಕೆಲಸ ಹೀಗೆ ಮೂರು ಮಳೆಯಲ್ಲಿ ‘ಶಿಥಿಲ ಕಟ್ಟಡ, ಕೆಡವಲು ಶಿಫಾರಸು’ ಎಂಬ ವರದಿಯಾಗಿ ಬದಲಾಗುತ್ತದೆ.

ಎರಡು ಮಾಡು ಸೇರುವ ಕಡೆಯ ತಗಡಿನ ದಂಬೆ (ನೀರು ಹರಿಯುವ ದೋಣಿ) ಎಲ್ಲಕ್ಕಿಂತ ಸೂಕ್ಷ್ಮ. ಮೇ ಕೊನೆಯಲ್ಲಿ ಗುಡಿಸಿದ್ದರೂ ಜೂನ್ ಗಾಳಿಗೆ ಎಲೆ ಮತ್ತೆ ತುಂಬುತ್ತದೆ. ಮಳೆಗಾಲದ ನಡುವೆ ಎರಡು ಸಲವಾದರೂ ತೆಗೆಯಬೇಕು. ಈ ಕೆಲಸಕ್ಕೆ ಯಾವ ಅಂದಾಜುಪಟ್ಟಿಯಲ್ಲೂ ಸಾಲು ಇರುವುದು ಅಪರೂಪ.

ಆಳು ಹೋದದ್ದು, ಹೊಣೆ ಹರಿದದ್ದು

ರಾಜ್ಯ ಏಕೀಕರಣದ ಬಳಿಕ 1959ರ ಕಾಯ್ದೆಯಿಂದ ತಾಲೂಕು ಬೋರ್ಡುಗಳು ಬಂದವು. 1987ರಲ್ಲಿ ಜಿಲ್ಲಾ ಪರಿಷತ್ತು, 1993ರ ಕಾಯ್ದೆಯ ಬಳಿಕ ಜಿಲ್ಲಾ ಪಂಚಾಯತು. ಪ್ರಾಥಮಿಕ ಶಾಲೆ, ಪ್ರಾಥಮಿಕ ಆರೋಗ್ಯ ಕೇಂದ್ರಗಳು ಲೋಕೋಪಯೋಗಿ ಇಲಾಖೆಯಿಂದ ಜಿಲ್ಲಾ ಪಂಚಾಯತಿನ ಎಂಜಿನಿಯರಿಂಗ್ ವಿಭಾಗಕ್ಕೆ ಹೋದವು. 1997ರ ಆಗಸ್ಟ್ 25ರಂದು ಉಡುಪಿ ಬೇರೆ ಜಿಲ್ಲೆಯಾದಾಗ ಕಡತಗಳು ಇನ್ನೊಮ್ಮೆ ಪಾಲಾದವು. ಪ್ರತಿ ಸಲ ಕೈ ಬದಲಾದಾಗಲೂ ಕಟ್ಟಡ ನೋಂದಣಿ ಪುಸ್ತಕದಲ್ಲಿ ಕೆಲವು ಕಟ್ಟಡಗಳು ಬಿಟ್ಟುಹೋಗುವ ಅಪಾಯ. ಪುಸ್ತಕದಲ್ಲಿ ಹೆಸರಿಲ್ಲದ ಕಟ್ಟಡಕ್ಕೆ ವಾರ್ಷಿಕ ದುರಸ್ತಿಯ ಅಂದಾಜು ತಯಾರಾಗುವುದಿಲ್ಲ. ಊರಿನ ದಾನಿಗಳು ಬಾಯಿಮಾತಿನಲ್ಲಿ ಕೊಟ್ಟ ಜಾಗದ ಶಾಲೆಗಳಿಗೆ ಪಹಣಿಯ ತೊಡಕು ಬೇರೆ.

ಇದಕ್ಕಿಂತ ದೊಡ್ಡ ಬದಲಾವಣೆ ಸದ್ದಿಲ್ಲದೆ ಆಯಿತು. ರಾಜ್ಯ ಸರಕಾರ 1984ರ ಜುಲೈ 1ರ ನಂತರ ದಿನಗೂಲಿ ನೇಮಕಕ್ಕೆ ತಡೆ ಹಾಕಿತು. ಧಾರವಾಡದ ಲೋಕೋಪಯೋಗಿ ದಿನಗೂಲಿಗಳ ಪ್ರಕರಣದಲ್ಲಿ 1990ರಲ್ಲಿ ಸುಪ್ರೀಂ ಕೋರ್ಟು, ಆ ದಿನಾಂಕಕ್ಕೆ ಮೊದಲು ಸೇರಿದವರನ್ನು ಹಂತ ಹಂತವಾಗಿ ಕಾಯಂ ಮಾಡುವ ಯೋಜನೆಗೆ ಒಪ್ಪಿತು. ಅದೇ ಕೋರ್ಟಿನ 2006ರ ಉಮಾದೇವಿ ತೀರ್ಪು ಹಿಂಬಾಗಿಲ ನೇಮಕಕ್ಕೆ ಪೂರ್ತಿ ಬೀಗ ಹಾಕಿತು. ಕಾರ್ಮಿಕ ನ್ಯಾಯದ ದೃಷ್ಟಿಯಿಂದ ಇವಕ್ಕೆಲ್ಲ ಬಲವಾದ ಕಾರಣಗಳಿದ್ದವು. ಆದರೆ ಕಾಯಂ ಆದವರು ನಿವೃತ್ತರಾದಂತೆ ಮಾಡು ಹತ್ತುವವರ ಜಾಗ ಖಾಲಿಯಾಯಿತು, ಮತ್ತೆ ತುಂಬಲಿಲ್ಲ. ಸಣ್ಣ ಕೆಲಸವೂ ಗುತ್ತಿಗೆಗೆ ಹೋಯಿತು. ಇಪ್ಪತ್ತು ಸಾವಿರದ ಹಂಚಿನ ಕೆಲಸಕ್ಕೆ ಗುತ್ತಿಗೆದಾರ ಬರುವುದಿಲ್ಲ. ಹಾಗಾಗಿ ನಾಲ್ಕೈದು ವರ್ಷದ ಕೆಲಸ ಕೂಡಿ ದೊಡ್ಡ ಮೊತ್ತವಾಗುವವರೆಗೆ ಕಾಯುವುದು ಅಭ್ಯಾಸವಾಯಿತು.

ಸಿಮೆಂಟಿನ ಮಾಡು

1970–80ರ ದಶಕದಲ್ಲಿ ಹಂಚು ‘ಹಳೆ ಕಾಲದ್ದು’ ಅನಿಸಿ ಸರಕಾರಿ ಕಟ್ಟಡಗಳಿಗೆ ಆರ್‌ಸಿಸಿ (ಕಬ್ಬಿಣದ ಕಂಬಿ ಹಾಕಿದ ಕಾಂಕ್ರೀಟ್) ಚಪ್ಪಟೆ ಮಾಡು ಬಂತು. ಕಾಂಕ್ರೀಟಿನ ಆಗಿನ ಭಾರತೀಯ ಮಾನಕ, ಐಎಸ್ 456ರ 1978ರ ಆವೃತ್ತಿ, ಎಂ15 ಕಾಂಕ್ರೀಟನ್ನೂ (ಅಂಕಿ ಹೆಚ್ಚಿದಷ್ಟು ಗಟ್ಟಿ) ಸ್ಲ್ಯಾಬಿನ ಕಂಬಿಗೆ ಕೇವಲ 15 ಮಿ.ಮೀ. ಕಾಂಕ್ರೀಟ್ ಹೊದಿಕೆಯನ್ನೂ ಒಪ್ಪುತ್ತಿತ್ತು. 2000ರ ಆವೃತ್ತಿ ಬಂದಾಗ ಪರಿಸರದ ತೀವ್ರತೆಗೆ ತಕ್ಕಂತೆ ಕನಿಷ್ಠ ಎಂ25, 30 ಮಿ.ಮೀ., ಇನ್ನೂ ಕಠಿಣ ಜಾಗಕ್ಕೆ ಎಂ30, 45 ಮಿ.ಮೀ. ಎಂದಾಯಿತು. ನಡುವಿನ ಎರಡು ದಶಕದಲ್ಲಿ ಎದ್ದ ಕಟ್ಟಡಗಳೇ ಈಗ ಚಕ್ಕೆ ಉದುರಿಸುತ್ತಿರುವುದು. ಉಪ್ಪುಗಾಳಿ, ವರ್ಷಕ್ಕೆ 3,500 ಮಿ.ಮೀ. ಮೀರುವ ಮಳೆ, ಅದರ ಮೇಲೆ ಅಳಿವೆಯ ಮರಳನ್ನು ತೊಳೆಯದೆ ಬಳಸಿದ್ದರೆ ಕಂಬಿಗೆ ಒಳಗಿನಿಂದಲೇ ಉಪ್ಪು. ತುಕ್ಕು ಕಬ್ಬಿಣಕ್ಕಿಂತ ಹಲವು ಪಟ್ಟು ಜಾಗ ಬೇಡುತ್ತದೆ. ಹೊದಿಕೆ ಸಿಡಿಯದೆ ಇನ್ನೇನು ಮಾಡೀತು.

ದುರಸ್ತಿ ಹೆಸರಿನಲ್ಲಿ ನಡೆಯುವ ದೊಡ್ಡ ತಪ್ಪು, ಉದುರಿದ ಕಡೆ ಸಿಮೆಂಟ್ ಸಾರಿಸಿ ಬಣ್ಣ ಹೊಡೆಯುವುದು. ಎರಡು ಮಳೆಗೆ ಅದೂ ಉದುರುತ್ತದೆ. ಸರಿಯಾದ ಕ್ರಮದಲ್ಲಿ ಮೊದಲು ಕೆಳಗೆ ಆಸರೆ ಕೊಡಬೇಕು. ಸುತ್ತಿಗೆಯಿಂದ ಇಡೀ ಸ್ಲ್ಯಾಬ್ ತಟ್ಟಿ, ಟೊಳ್ಳು ಸದ್ದು ಬರುವ ಭಾಗಕ್ಕೆ ಗುರುತು ಹಾಕಬೇಕು. ಕಂಬಿಯ ಹಿಂದೆ ಬೆರಳು ತೂರುವಷ್ಟು, ಅಂದರೆ 15–20 ಮಿ.ಮೀ., ಕೆತ್ತಬೇಕು. ತುಕ್ಕನ್ನು ಹೊಳಪು ಕಾಣುವವರೆಗೆ ಉಜ್ಜಬೇಕು. ಕಂಬಿಯ ಗಾತ್ರ ಕಾಲು ಭಾಗದಷ್ಟು ತೆಳುವಾಗಿದ್ದರೆ ಪಕ್ಕದಲ್ಲಿ ಹೊಸ ಕಂಬಿ ಕೊಡಬೇಕು. ಸತುವಿನ ಪ್ರೈಮರ್, ಅಂಟುಪದರ, ಆಮೇಲೆ ಪಾಲಿಮರ್ ಬೆರೆತ ಗಾರೆಯನ್ನು ತೆಳು ಪದರಗಳಲ್ಲಿ ಹಾಕಿ ನೀರುಣಿಸಬೇಕು. ಇಷ್ಟಾದರೂ ತೇಪೆಯ ಅಂಚಿನಲ್ಲಿ, ಹಳೆ ಉಪ್ಪು ಉಳಿದ ಕಾಂಕ್ರೀಟಿನಲ್ಲಿ, ತುಕ್ಕು ಮೊದಲಿಗಿಂತ ಬೇಗ ಶುರುವಾಗುವುದುಂಟು. ಅದಕ್ಕೇ ಟೊಳ್ಳು ಭಾಗದಾಚೆಗೂ ಸ್ವಲ್ಪ ಕೆತ್ತುವುದು ವಾಡಿಕೆ.

ಸೋರುವ ತಾರಸಿಗೆ ಕರಾವಳಿ ಕಂಡುಕೊಂಡ ಉತ್ತರ, ಅದರ ಮೇಲೊಂದು ತಗಡಿನ ಮಾಡು. ಉಪಾಯ ಕೆಟ್ಟದ್ದಲ್ಲ. ಸ್ಕ್ರೂವನ್ನು ತಗಡಿನ ಏರಿನ ಮೇಲೆ ಹೊಡೆದು, ಕೆಳಗೆ ಒಳ್ಳೆ ರಬ್ಬರ್ ವಾಶರ್ ಕೊಟ್ಟು, ನೀರು ಗೋಡೆಯಿಂದ ದೂರ ಬೀಳುವಂತೆ ಮಾಡಿದರೆ ಬಾಳುತ್ತದೆ. ತಗಡಿನ ತಗ್ಗಿನಲ್ಲಿ ಸ್ಕ್ರೂ ಹೊಡೆದರೆ ತಾರಸಿಯ ಸೋರಿಕೆ ಒಂದಂತಸ್ತು ಮೇಲಕ್ಕೆ ಹೋಯಿತು, ಅಷ್ಟೇ.

ಹಳೆ ಮುರಕಲ್ಲಿನ ಗೋಡೆಗೂ ಸಿಮೆಂಟು ಕೇಡು ತಂದಿದೆ. ಸುಣ್ಣದ ಗಾರೆ ತೇವವನ್ನು ಹೊರಗೆ ಬಿಡುತ್ತದೆ. ಸಿಮೆಂಟ್ ಗಾರೆ, ಅದರ ಮೇಲಿನ ಪ್ಲಾಸ್ಟಿಕ್ ಬಣ್ಣ ತೇವವನ್ನು ಒಳಗೇ ಕಟ್ಟಿಹಾಕಿ, ಗಾರೆ ಹಪ್ಪಳದಂತೆ ಏಳುತ್ತದೆ. ಅಂಗಳಕ್ಕೆ ಇಂಟರ್‌ಲಾಕ್ ಮೇಲೆ ಇಂಟರ್‌ಲಾಕ್ ಹಾಸುತ್ತ ನೆಲ ಏರಿ, ಮಳೆನೀರು ಗೋಡೆಯ ಬುಡಕ್ಕೆ ಬಂದು ನಿಲ್ಲುವುದು ಇತ್ತೀಚಿನ ಸೇರ್ಪಡೆ.

ದುಡ್ಡಿನ ದಾರಿ

ಬಜೆಟ್ ಪುಸ್ತಕದಲ್ಲಿ ಸಾರ್ವಜನಿಕ ಕಟ್ಟಡಗಳ ನಿರ್ವಹಣೆ ಬರುವುದು ಲೆಕ್ಕ ಶೀರ್ಷಿಕೆ 2059ರಲ್ಲಿ, ಹೊಸ ನಿರ್ಮಾಣ 4059ರಲ್ಲಿ. ಮೊದಲನೆಯದು ಕಂದಾಯ ವೆಚ್ಚ (ಆಸ್ತಿ ಸೃಷ್ಟಿಸದ, ವರ್ಷವರ್ಷದ ಖರ್ಚು), ಕಡಿತಕ್ಕೆ ಮೊದಲು ಗುರಿಯಾಗುವುದು ಅದೇ. ಎರಡನೆಯದಕ್ಕೆ ಶಂಕುಸ್ಥಾಪನೆ ಉಂಟು, ಉದ್ಘಾಟನೆ ಉಂಟು. ಲೇಡಿ ಗೋಷನ್ ಆಸ್ಪತ್ರೆಯ ಹೊಸ ಕಟ್ಟಡಕ್ಕೆ ತೈಲ ಕಂಪನಿ ಎಂಆರ್‌ಪಿಎಲ್ ನೆರವು, ವೆನ್ಲಾಕ್‌ನ ಹೊಸ ಬ್ಲಾಕಿಗೆ ಸ್ಮಾರ್ಟ್ ಸಿಟಿ ಹಣ, ಪಡೀಲಿನಲ್ಲಿ ಹೊಸ ಜಿಲ್ಲಾಧಿಕಾರಿ ಕಚೇರಿ, ಇವೆಲ್ಲ ಬೇಕಾದವೇ. ದಂಬೆಯ ಎಲೆ ತೆಗೆಯಲು ಮಾತ್ರ ಕಂಪನಿಗಳ ಸಾಮಾಜಿಕ ಹೊಣೆಯ ಯಾವ ಸಿಎಸ್‌ಆರ್ ನಿಧಿಯೂ ಬಂದಂತಿಲ್ಲ.

ನಿರ್ವಹಣೆಗೆಂದು ಹಣ ಕೇಂದ್ರದಿಂದ ಒಮ್ಮೆ ಬಂದಿತ್ತು. ಹನ್ನೆರಡನೇ ಹಣಕಾಸು ಆಯೋಗ, ಸಾರ್ವಜನಿಕ ಕಟ್ಟಡಗಳ ನಿರ್ವಹಣೆಗೆಂದೇ ರಾಜ್ಯಗಳಿಗೆಲ್ಲ ಸೇರಿ 5,000 ಕೋಟಿ ರೂಪಾಯಿ ಶಿಫಾರಸು ಮಾಡಿತು, 2006ರಿಂದ 2010ರವರೆಗೆ. ಮುಂದಿನ ಆಯೋಗ ರಸ್ತೆಯ ನಿರ್ವಹಣೆಗೆ ಕೊಟ್ಟಿತು, ಕಟ್ಟಡವನ್ನು ಕೈಬಿಟ್ಟಿತು. ಶಾಲೆಗಳಿಗೆ ಸರ್ವ ಶಿಕ್ಷಾ ಅಭಿಯಾನದಲ್ಲಿ ವರ್ಷಕ್ಕೆ ಮೂರು ಕೊಠಡಿವರೆಗೆ 5,000, ಹೆಚ್ಚಿದ್ದರೆ 10,000 ರೂಪಾಯಿ ನಿರ್ವಹಣಾ ಅನುದಾನ ಇತ್ತು. ಅದರ ಬದಲು ಬಂದ ಸಮಗ್ರ ಶಿಕ್ಷಣ ಯೋಜನೆಯಲ್ಲಿ ಅದು ಮಕ್ಕಳ ಸಂಖ್ಯೆಗೆ ಗಂಟುಬಿತ್ತು: 30 ಮಕ್ಕಳವರೆಗೆ 10,000, 100ರವರೆಗೆ 25,000. ಚಾಕ್‌ಪೀಸಿನಿಂದ ಶೌಚಾಲಯದವರೆಗೆ ಎಲ್ಲ ಅದರೊಳಗೇ. ಮಕ್ಕಳು ಕಡಿಮೆಯಾದರೆ ಅನುದಾನವೂ ಕಡಿಮೆ. ಮಾಡಿನ ಅಗಲ ಮಾತ್ರ ಅಷ್ಟೇ ಇರುತ್ತದೆ. ಕಟ್ಟಡದ ಮರುನಿರ್ಮಾಣ ವೆಚ್ಚದ ಶೇ. 2ರಿಂದ 4ರಷ್ಟು ಪ್ರತಿವರ್ಷ ನಿರ್ವಹಣೆಗೆ ಬೇಕು ಎಂದು ಅಮೆರಿಕದ ರಾಷ್ಟ್ರೀಯ ಸಂಶೋಧನಾ ಮಂಡಳಿ 1990ರಲ್ಲೇ ಹೇಳಿದೆ. ಒಂದು ಕೋಟಿಯ ಕಟ್ಟಡಕ್ಕೆ ಎರಡು–ನಾಲ್ಕು ಲಕ್ಷ.

ಮೊತ್ತ ಹೆಚ್ಚಿಸುವುದು ಬೆಂಗಳೂರಿನ ಕೆಲಸ. ಆದರೆ ತಿಂಗಳು ಹೊಂದಿಸುವುದು ಜಿಲ್ಲೆಯಲ್ಲೇ ಸಾಧ್ಯ. ಸೋರುವ ಜಾಗ ಕಾಣುವುದು ಜುಲೈಯಲ್ಲಿ. ಆಗಲೇ ಕೆಳಗಿನ ಗೋಡೆಗೆ ಬಣ್ಣದ ಗುರುತು, ದಿನಾಂಕ ಹಾಕಿ ಫೋಟೊ ತೆಗೆದಿಡಬೇಕು. ಏಪ್ರಿಲ್‌ನಲ್ಲಿ ನೋಡಲು ಹೋದರೆ ಒಣ ಮಾಡು ಏನನ್ನೂ ಹೇಳುವುದಿಲ್ಲ. ಸೆಪ್ಟೆಂಬರಿನಲ್ಲಿ ಅಂದಾಜು, ಡಿಸೆಂಬರಿನೊಳಗೆ ಟೆಂಡರ್. ಟೆಂಡರ್ ಒಂದೊಂದು ಕಟ್ಟಡಕ್ಕೆ ಬೇಡ, ಒಂದು ತಾಲೂಕಿನ ಎಲ್ಲ ಹಂಚಿನ ಕಟ್ಟಡಗಳಿಗೆ ಸೇರಿ ಎರಡು ವರ್ಷದ ದರ ಗುತ್ತಿಗೆ: ಚದರ ಮೀಟರಿಗೆ ಹಂಚು ಕೈಯಾಡಿಸಲು ಇಷ್ಟು, ಬದಲಿಸಿದ ಹಂಚೊಂದಕ್ಕೆ ಇಷ್ಟು, ರೀಪು ಮೀಟರಿಗೆ ಇಷ್ಟು, ಮಳೆಗಾಲದಲ್ಲಿ ದಂಬೆ ಎರಡು ಸಲ ತೆಗೆಯಲು ಇಷ್ಟು. ಫೆಬ್ರವರಿಯಲ್ಲಿ ಕಾರ್ಯಾದೇಶ ಕೊಟ್ಟರೆ ಏಪ್ರಿಲ್–ಮೇ ಕೆಲಸ ‘ಮುಂದುವರಿದ ಕಾಮಗಾರಿ’ ಆಗುತ್ತದೆ, ಹೊಸ ವರ್ಷದ ಅನುದಾನದಲ್ಲಿ ಅದಕ್ಕೆ ಮೊದಲ ಪಾಲು.

ಹಂಚಿನ ದಾಸ್ತಾನೂ ಆಗಲೇ ಆಗಬೇಕು. ಜಿಲ್ಲೆಯ ಅನೇಕ ಹಂಚಿನ ಕಾರ್ಖಾನೆಗಳು ಮುಚ್ಚಿವೆ. ಒಂದು ಕಾರ್ಖಾನೆಯ ಹಂಚಿನ ತೋಡು ಇನ್ನೊಂದರದ್ದಕ್ಕೆ ಕೂರುವುದಿಲ್ಲ, ಬಲವಂತವಾಗಿ ಕೂರಿಸಿದರೆ ಸಂದಿಯಲ್ಲೇ ಸೋರಿಕೆ. ಹಳೆ ಶಾಲೆಯೊಂದನ್ನು ಕೆಡವುವಾಗ ಹಂಚನ್ನು ಹರಾಜಿಗೆ ಹಾಕುವ ಮೊದಲು ಹಿಂಬದಿಯ ಅಚ್ಚಿನ ಹೆಸರು ನೋಡಿ, ಅದೇ ಅಚ್ಚಿನ ಕಟ್ಟಡ ತಾಲೂಕಿನಲ್ಲಿ ಇನ್ನೆಲ್ಲಿದೆಯೋ ಅಲ್ಲಿಯ ಜಗಲಿಗೆ ನಾನ್ನೂರು–ಐನೂರು ಹಂಚು ಸಾಗಿಸಿಟ್ಟರೆ ಮೂರು–ನಾಲ್ಕು ವರ್ಷದ ಹಂಚಿನ ಚಿಂತೆ ಇಲ್ಲ.