‘ಹೈಕೋರ್ಟಿಗೆ ಹೋದ್ರೆ ಸ್ಟೇ ತೆಗೆಸಬಹುದಲ್ವಾ?’

ಮೂಡಿಗೆರೆ ಕಡೆಯ ಬೆಳೆಗಾರರೊಬ್ಬರು ಚಿಕ್ಕಮಗಳೂರಿನ ನನ್ನ ಆಫೀಸಿಗೆ ಬಂದಾಗ ಹೊರಗೆ ಜೋರು ಮಳೆ. ಪ್ಲಾಸ್ಟಿಕ್ ಕವರಿನಿಂದ ಎರಡು ಆದೇಶಗಳ ನಕಲು ತೆಗೆದು ಮೇಜಿನ ಮೇಲಿಟ್ಟರು. ಪಕ್ಕದ ತೋಟದವರು ದಾವೆ ಹಾಕಿ, ಇವರ ಜೀಪು ಓಡಾಡುವ ದಾರಿಗೆ ತಾತ್ಕಾಲಿಕ ತಡೆಯಾಜ್ಞೆ ತಂದಿದ್ದರು. ಎರಡೂ ಕಡೆ ಕೇಳಿಯೇ ಆದ ಆದೇಶ. ಮೇಲ್ಮನವಿಯಲ್ಲೂ ಇವರಿಗೆ ಸೋಲು.

‘ಸಾರ್, ಬೆಂಗಳೂರಿಗೆ ಹೋಗೋಣ. ಹೈಕೋರ್ಟಿನವರು ಸರಿಯಾಗಿ ನೋಡ್ತಾರೆ ಅಲ್ವಾ?’

ಈ ಪ್ರಶ್ನೆ ಕೇಳದ ಕಕ್ಷಿದಾರರು ಕಡಿಮೆ. ಆದರೆ ಮೇಲೆ ಹೋದಷ್ಟೂ ನೋಟ ಕಿರಿದಾಗುತ್ತದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ‘ಆದೇಶ 39’ ಎಂಬ ಅಧ್ಯಾಯದಡಿ ತಡೆಯಾಜ್ಞೆ ಕೊಡುವಾಗ ಕೆಳಗಿನ ಕೋರ್ಟ್ ಮೂರು ವಿಷಯ ನೋಡುತ್ತದೆ: ಮೇಲ್ನೋಟಕ್ಕೆ ಕೇಸ್ ಇದೆಯೇ, ಆದೇಶದಿಂದ ಯಾರಿಗೆ ಹೆಚ್ಚು ತೊಂದರೆ, ಆಗುವ ನಷ್ಟವನ್ನು ಆಮೇಲೆ ದುಡ್ಡಿನಲ್ಲಿ ತುಂಬಬಹುದೇ. ಅದರ ವಿರುದ್ಧ ಆದೇಶ 43ರಲ್ಲಿ ಮೇಲ್ಮನವಿ ಇದೆ. ಅಲ್ಲಿಗೇ ಕಟ್ಟುನಿಟ್ಟು ಶುರು. 1990ರಲ್ಲಿ ಔಷಧ ಕಂಪನಿಗಳ ಟ್ರೇಡ್‌ಮಾರ್ಕ್ ಜಗಳವೊಂದರಲ್ಲಿ, ವಾಂಡರ್ ಲಿಮಿಟೆಡ್ ಪ್ರಕರಣದಲ್ಲಿ, ಸುಪ್ರೀಂ ಕೋರ್ಟ್ ಅದನ್ನು ಬಿಡಿಸಿ ಹೇಳಿತು. ‘ನಾನಾಗಿದ್ದರೆ ಬೇರೆ ಆದೇಶ ಮಾಡುತ್ತಿದ್ದೆ’ ಎಂಬ ಕಾರಣಕ್ಕೆ ಮೇಲ್ಮನವಿ ಕೋರ್ಟ್ ಕೈ ಹಾಕುವಂತಿಲ್ಲ. ಕೆಳಗಿನವರು ಮನಸ್ಸಿಗೆ ಬಂದಂತೆ, ಅಥವಾ ಕಾನೂನು ಬಿಟ್ಟು ತೀರ್ಮಾನಿಸಿದ್ದರೆ ಮಾತ್ರ ಕೈ ಹಾಕಬಹುದು.

ಅಲ್ಲೂ ಸೋತರೆ? ಎರಡನೇ ಮೇಲ್ಮನವಿ ಇಲ್ಲ, ಅದೇ ಸಂಹಿತೆಯ ಕಲಂ 104(2) ಬಾಗಿಲು ಹಾಕಿದೆ. ಕೆಳಗಿನ ಕೋರ್ಟಿನ ಆದೇಶವನ್ನು ಹೈಕೋರ್ಟ್ ಮರುಪರಿಶೀಲಿಸುವ ಕಲಂ 115ರ ಪುನರೀಕ್ಷಣೆಯೂ 2002ರ ಜುಲೈನಿಂದ ಇಂಥ ಮಧ್ಯಂತರ ಆದೇಶಗಳಿಗೆ ಸಿಗುವುದಿಲ್ಲ. ಉಳಿಯುವುದು ಸಂವಿಧಾನದ 227ನೇ ವಿಧಿ. ಸಿವಿಲ್ ಕೋರ್ಟಿನ ನ್ಯಾಯಿಕ ಆದೇಶಕ್ಕೆ 226ನೇ ವಿಧಿಯ ರಿಟ್, ಅಂದರೆ ಹೈಕೋರ್ಟ್ ನೇರವಾಗಿ ಹೊರಡಿಸುವ ಆಜ್ಞೆ, ನಡೆಯದು ಎಂದು 2015ರ ರಾಧೇ ಶ್ಯಾಮ್ ತೀರ್ಪು ಹೇಳಿದೆ. 227 ಅಂದರೆ ಕೆಳಗಿನ ಕೋರ್ಟುಗಳ ಮೇಲೆ ಹೈಕೋರ್ಟಿನ ಮೇಲ್ವಿಚಾರಣೆ. ಕೆಳಗಿನ ಕೋರ್ಟ್ ತನ್ನ ಗೆರೆ ದಾಟಿತೇ, ಕೊಟ್ಟ ದಾಖಲೆ ನೋಡದೆ ಬಿಟ್ಟಿತೇ ಎಂದು ಹೈಕೋರ್ಟ್ ಕೇಳುತ್ತದೆ. ದಾರಿ ಯಾರದ್ದು ಎಂದು ಹೊಸದಾಗಿ ತೂಗುವುದಿಲ್ಲ. ಇಷ್ಟಿದ್ದರೂ ‘ಒಂದು ರಿಟ್ ಹಾಕಿ ನೋಡೋಣ’ ಅನ್ನುವ ವಕೀಲರು ನಮ್ಮಲ್ಲೇ ಇದ್ದಾರೆ. ನಾನೂ ಹಿಂದೆ ಅಂದಿದ್ದೇನೆ.

ಮಾತಾಡುತ್ತಾ ಅವರು ಮೊಬೈಲ್ ತೆಗೆದರು. ಅದೇ ದಾರಿಯಲ್ಲಿ ಅವರ ತಂದೆ, ಕಾಫಿ ಮೂಟೆ ತುಂಬಿದ ಜೀಪು. ಹಳೇ ಫೋಟೋ.

‘ಇದನ್ನು ಕೋರ್ಟಿಗೆ ಕೊಟ್ಟಿದ್ರಾ?’

‘ಇಲ್ಲ ಸಾರ್. ಸಾಕ್ಷಿ ಹೇಳುವಾಗ ಕೊಟ್ಟರಾಯ್ತು ಅಂದ್ಕೊಂಡೆ.’

ಕೆಳಗೆ ತೋರಿಸದ ಫೋಟೋ ನೋಡಿಲ್ಲ ಎಂದು ಆ ನ್ಯಾಯಾಧೀಶರನ್ನು ದೂರುವುದು ಹೇಗೆ? 227ರ ಅರ್ಜಿಯೂ ಬೇಡ ಎಂದೆ. ಮುಖ ಸಪ್ಪಗಾಯಿತು.

ಆದರೆ ಮೂಲ ಕೋರ್ಟಿನಲ್ಲೇ ಒಂದು ದಾರಿ ಇತ್ತು. ಎರಡೂ ಕಡೆ ಕೇಳಿ ಮಾಡಿದ ತಡೆಯಾಜ್ಞೆಯನ್ನೂ, ಪರಿಸ್ಥಿತಿ ಬದಲಾಗಿದ್ದರೆ ಅಥವಾ ತಡೆಯಾಜ್ಞೆಗೆ ಒಳಗಾದವರಿಗೆ ಅತಿಯಾದ ಕಷ್ಟವಾಗುತ್ತಿದ್ದರೆ, ಆದೇಶ 39ರ ನಿಯಮ 4ರಡಿ ಅದೇ ಕೋರ್ಟ್ ಮಾರ್ಪಡಿಸಬಹುದು. ನವೆಂಬರಿಗೆ ಅರೇಬಿಕಾ ಕೊಯ್ಲು. ಹಣ್ಣು ಹೊರಗೆ ಸಾಗಿಸಲು ಜೀಪು ಬೇಕೇ ಬೇಕು. ಕೊಯ್ಲಿನ ದಿನಗಳಿಗೆ ಮಾತ್ರ ಜೀಪಿಗೆ ದಾರಿ ಬಿಡಿ ಎಂದು ಅರ್ಜಿ ತಯಾರಿಸಿದೆವು.

‘ಫೋಟೋ ಈಗಲೇ ಹಾಕ್ತೀರಾ ಸಾರ್?’ ಎಂದರು. ಮೊದಲನೇ ದಾಖಲೆಯೇ ಅದು ಎಂದೆ.