ಯೊಶಿವಾರ: ನಕ್ಷೆಯಲ್ಲಿ ಇಲ್ಲದ ಊರಿನಲ್ಲಿ ಒಂದು ನಡಿಗೆ

ಟೋಕಿಯೊದ ಮಿನೋವಾ ಮೆಟ್ರೊ ನಿಲ್ದಾಣದಿಂದ ಹದಿನೈದು ನಿಮಿಷ ನಡೆದರೆ ಒಂದು ಪೆಟ್ರೋಲ್ ಬಂಕ್ ಸಿಗುತ್ತದೆ. ಅದರ ಪಕ್ಕ, ಫುಟ್‌ಪಾತ್ ಮೇಲೆ, ಒಂದು ವಿಲೋ ಮರ. ಬುಡದಲ್ಲಿ ಒಂದು ಕಲ್ಲು. ಗೊತ್ತಿಲ್ಲದವರು ತಿರುಗಿಯೂ ನೋಡದೆ ಹೋಗುತ್ತಾರೆ. ತಮಾಷೆ ಏನೆಂದರೆ, ಈ ಮರದ ಹೆಸರೇ 'ತಿರುಗಿ ನೋಡುವ ವಿಲೋ'. ರಾತ್ರಿ ಕಳೆದು ಬೆಳಿಗ್ಗೆ ಮನೆಗೆ ಹೊರಟ ಗಂಡಸರು ಇಲ್ಲಿ ನಿಂತು ಒಮ್ಮೆ ಹಿಂದಕ್ಕೆ ನೋಡುತ್ತಿದ್ದರಂತೆ. ಜಪಾನಿನ ಅತಿ ದೊಡ್ಡ ವೇಶ್ಯಾವಾಟಿಕೆ ಯೊಶಿವಾರದ ನಡಿಗೆ ಪ್ರವಾಸಕ್ಕೆ ಇದಕ್ಕಿಂತ ಒಳ್ಳೆಯ ಆರಂಭ ಬೇರೆ ಇಲ್ಲ.

ಆದರೆ ಮ್ಯಾಪಿನಲ್ಲಿ 'ಯೊಶಿವಾರ' ಎಂಬ ಬಡಾವಣೆ ಹುಡುಕಬೇಡಿ, ಸಿಗುವುದಿಲ್ಲ. 1966ರಲ್ಲಿ ಆ ಹೆಸರನ್ನು ವಿಳಾಸದಿಂದಲೇ ತೆಗೆದುಹಾಕಿದರು. ಈಗ ಅದು ತೈತೊ ವಾರ್ಡಿನ ಸೆಂಝೊಕು 4ನೇ ಬ್ಲಾಕ್. ಸಿಗ್ನಲ್ ದೀಪದ ಫಲಕದಲ್ಲಿ ಮಾತ್ರ 'ಯೊಶಿವಾರ ಓಮೊನ್', ಅಂದರೆ ಯೊಶಿವಾರದ ಹೆಬ್ಬಾಗಿಲು, ಎಂದು ಹಾಗೇ ಉಳಿದಿದೆ. ಬಾಗಿಲು ಹೋಗಿ ಎಷ್ಟೋ ಕಾಲವಾಯಿತು.

ಮರದ ಪಕ್ಕದಿಂದ ಒಳಗೆ ಹೋಗುವ ರಸ್ತೆ ನೇರವಾಗಿಲ್ಲ. ಹಾವಿನ ಹಾಗೆ ಒಂದು ಸುತ್ತು ಬಳಸಿ ಹೋಗುತ್ತದೆ. ಇದು ಇಂಜಿನಿಯರನ ತಪ್ಪಲ್ಲ. ದೊಡ್ಡ ರಸ್ತೆಯಲ್ಲಿ ಶೋಗುನ್, ಅಂದರೆ ಆಗ ದೇಶ ಆಳುತ್ತಿದ್ದ ಸೇನಾಧಿಪತಿ, ಅಥವಾ ದೊಡ್ಡ ದೊರೆಗಳು ಹಾದುಹೋದರೆ ಅವರ ಕಣ್ಣಿಗೆ ಈ ಕೇರಿ ಬೀಳಬಾರದು ಅಂತ ಬೇಕೆಂದೇ ಹೀಗೆ ತಿರುಗಿಸಿದ್ದು ಎನ್ನುತ್ತಾರೆ. ಸರ್ಕಾರ ತಾನೇ ಲೈಸೆನ್ಸ್ ಕೊಟ್ಟ ಜಾಗ, ಆದರೆ ಸರ್ಕಾರದ ಕಣ್ಣಿಗೆ ಕಾಣಬಾರದು! ಮುಂದಿನ ನಾನ್ನೂರು ವರ್ಷದ ಕಥೆಯೂ ಹೆಚ್ಚುಕಡಿಮೆ ಇದೇ.

ಲೈಸೆನ್ಸ್ ಕೊಟ್ಟಿದ್ದು ಯಾಕೆ? 1603ರಲ್ಲಿ ಎದೊ, ಅಂದರೆ ಈಗಿನ ಟೋಕಿಯೊ, ತೊಕುಗಾವ ಶೋಗುನರ ಅಧಿಕಾರದ ಊರಾಯಿತು. ಕೋಟೆ ಕಟ್ಟಲು ಬಂದ ಕೂಲಿಗಳು, ಸಮುರಾಯಿಗಳು, ವ್ಯಾಪಾರಿಗಳು, ಹೀಗೆ ಊರು ತುಂಬ ಗಂಡಸರೇ. ವೇಶ್ಯೆಯರ ಮನೆಗಳು ಅಲ್ಲಲ್ಲಿ ಹುಟ್ಟಿಕೊಂಡವು. 1612ರಲ್ಲಿ ಶೋಜಿ ಜಿನ್ಎಮೊನ್ ಎಂಬ ಮಾಲೀಕ ಸರ್ಕಾರಕ್ಕೆ ಒಂದು ಅರ್ಜಿ ಕೊಟ್ಟ. ಮನೆಗಳು ಚೆಲ್ಲಾಪಿಲ್ಲಿಯಾಗಿದ್ದರೆ ಗಂಡಸರು ದಿನಗಟ್ಟಲೆ ಅಲ್ಲೇ ಉಳಿದು ಹಣ ಹಾಳುಮಾಡುತ್ತಾರೆ, ಹೆಣ್ಣುಮಕ್ಕಳನ್ನು ಕದ್ದು ಮಾರುವವರು ಸಿಕ್ಕಿಬೀಳುವುದಿಲ್ಲ, ಒಡೆಯನಿಲ್ಲದ ಪುಂಡ ಸಮುರಾಯಿಗಳು ಅಡಗಿಕೊಳ್ಳುತ್ತಾರೆ. ಎಲ್ಲವನ್ನೂ ಒಂದೇ ಕಡೆ ತಂದರೆ ಕಣ್ಣಿಡುವುದು ಸುಲಭ ಅಂತ ಅವನ ವಾದ. ಸರ್ಕಾರಕ್ಕೆ ಬೇಕಾಗಿದ್ದೂ ಅದೇ. 1617ರಲ್ಲಿ ಒಪ್ಪಿಗೆ ಸಿಕ್ಕಿತು, ಮರುವರ್ಷ ಕೇರಿ ಶುರುವಾಯಿತು. ಕೊಟ್ಟಿದ್ದು ನಿಹೊನ್‌ಬಾಶಿ ಹತ್ತಿರದ ಒಂದು ಜೌಗು ಜಾಗ. ಜೊಂಡು ಬೆಳೆದಿದ್ದ ಬಯಲು, ಹಾಗಾಗಿ 'ಯೊಶಿವಾರ'. ಆಮೇಲೆ ಅದೇ ಉಚ್ಚಾರಣೆಗೆ 'ಶುಭದ ಬಯಲು' ಎಂಬ ಅರ್ಥ ಬರುವ ಅಕ್ಷರ ಹಾಕಿಕೊಂಡರು.

ಊರು ಬೆಳೆಯಿತು. ಜೌಗು ಬಯಲು ಊರಿನ ನಡುವೆಯೇ ಬಂದುಬಿಟ್ಟಿತು. 1656ರಲ್ಲಿ ಜಾಗ ಖಾಲಿ ಮಾಡಿ ಎಂದು ಆದೇಶ ಬಂತು. ಮರುವರ್ಷ ಎದೊದ ಬಹುಭಾಗವನ್ನೇ ಸುಟ್ಟುಹಾಕಿದ ಮೆಇರೆಕಿ ಬೆಂಕಿಯಲ್ಲಿ ಹಳೆ ಕೇರಿ ಬೂದಿಯಾಯಿತು. ಅದೇ ವರ್ಷ ಅಸಾಕುಸಾದ ಸೆನ್ಸೊಜಿ ದೇವಸ್ಥಾನದ ಹಿಂದಿನ ಗದ್ದೆಗಳ ನಡುವೆ ಹೊಸ ಯೊಶಿವಾರ ಎದ್ದಿತು. ಮಾಲೀಕರು ಸುಮ್ನೆ ಹೋಗಲಿಲ್ಲ. ಮೊದಲಿಗಿಂತ ಒಂದೂವರೆ ಪಟ್ಟು ಜಾಗ, 10,500 ರ‍್ಯೊ ಹಣ, ಜೊತೆಗೆ ರಾತ್ರಿಯೂ ವ್ಯಾಪಾರ ಮಾಡುವ ಅನುಮತಿ ಗಿಟ್ಟಿಸಿಕೊಂಡರು. ಮೊದಲು ಹಗಲು ಮಾತ್ರ ಇತ್ತು. ನಾವು ಈಗ ನಡೆಯುತ್ತಿರುವುದು ಈ ಎರಡನೇ ಯೊಶಿವಾರದಲ್ಲಿ.

ಮ್ಯಾಪಿನಲ್ಲಿ ಒಂದು ವಿಚಿತ್ರ ಕಾಣುತ್ತದೆ. ಸುತ್ತಲಿನ ಬೀದಿಗಳ ನಡುವೆ ಇದೊಂದು ಆಯತ ಮಾತ್ರ ಓರೆಯಾಗಿ ಬಿದ್ದಿದೆ. ಮನೆಯೊಳಗೆ ಯಾವ ಕಡೆ ಹಾಸಿಗೆ ಹಾಕಿದರೂ ತಲೆ ನೇರ ಉತ್ತರಕ್ಕೆ ಬರಬಾರದು ಎಂದು ಹೀಗೆ ಮಾಡಿದರು ಎನ್ನುವ ವಿವರಣೆ ಇದೆ. ಉತ್ತರಕ್ಕೆ ತಲೆ ಹಾಕಿ ಮಲಗಬಾರದು ಎಂದು ನಮ್ಮಜ್ಜಿಯರೂ ಬೈಯುತ್ತಿದ್ದರು ಅಲ್ವಾ? ಜಪಾನಿನಲ್ಲಿ ಹೆಣವನ್ನು ಮಲಗಿಸುವ ದಿಕ್ಕು ಅದು.

ಆಯತದ ಸುತ್ತ ಒಂದು ಹಳ್ಳ ಇತ್ತು. 'ಹಲ್ಲು ಕಪ್ಪು ಮಾಡುವ ನೀರಿನ ಚರಂಡಿ' ಎಂದು ಅದರ ಹೆಸರು. ಆ ಕಾಲದ ಹೆಂಗಸರು ಹಲ್ಲಿಗೆ ಕಪ್ಪು ಬಣ್ಣ ಹಚ್ಚುತ್ತಿದ್ದರು, ಉಳಿದ ನೀರು ಅಲ್ಲಿಗೆ ಹೋಗುತ್ತಿತ್ತು ಅಂತ. ಹಳ್ಳ ಮುಚ್ಚಿದ್ದಾರೆ, ಆದರೆ ಅದರ ಕಲ್ಲಿನ ಅಂಚು ಅಲ್ಲಲ್ಲಿ ಇನ್ನೂ ಇದೆ. ನೆಲದ ಎತ್ತರ ದಿಢೀರನೆ ಬದಲಾಗುವ ಕಡೆ ಗಮನವಿಟ್ಟು ನೋಡಿದರೆ ಸಿಗುತ್ತದೆ. ಹಳ್ಳ ಶತ್ರುಗಳನ್ನು ತಡೆಯಲು ಇರಲಿಲ್ಲ, ಒಳಗಿನವರು ಓಡಿಹೋಗದಿರಲಿ ಅಂತ ಇತ್ತು. ದಿನನಿತ್ಯ ತೆರೆಯುತ್ತಿದ್ದ ಬಾಗಿಲು ಒಂದೇ, ಆ ಹೆಬ್ಬಾಗಿಲು. ಗಂಡಸರು ಸರಾಗವಾಗಿ ಬಂದು ಹೋಗಬಹುದು. ಹೆಂಗಸರು, ಹೊರಗಿನಿಂದ ಬಂದವರೇ ಆದರೂ, ಚೀಟಿ ತೋರಿಸಿದರೆ ಮಾತ್ರ ಹೊರಗೆ.

ಒಳಗೆ ಇದ್ದವರು ಯಾರು? ಹೆಚ್ಚಿನವರು ಬಡ ಮನೆಗಳ ಮಕ್ಕಳು. ಅಪ್ಪ ಅಮ್ಮ ಮುಂಗಡ ಹಣ ತೆಗೆದುಕೊಂಡು ಮಗಳನ್ನು ಬಿಟ್ಟುಹೋಗುತ್ತಿದ್ದರು. ಕಾಗದದಲ್ಲಿ ಅದು ಮಾರಾಟವಲ್ಲ, ಜೀತದ ಕರಾರು. ಸಾಮಾನ್ಯವಾಗಿ ಹತ್ತು ವರ್ಷ. ಏಳೆಂಟು ವರ್ಷದ ಮಗು ಬಂದರೆ ಮೊದಲು 'ಕಮುರೊ', ಅಂದರೆ ದೊಡ್ಡ ವೇಶ್ಯೆಯ ಕೈಕೆಲಸದ ಹುಡುಗಿ. ಬೆಳೆದ ಮೇಲೆ 'ಶಿಂಝೊ'. ಆಮೇಲೆ ಗಿರಾಕಿ. ಬಟ್ಟೆ, ಹಾಸಿಗೆ, ಬಾಚಣಿಗೆ, ತನ್ನ ಕೈಕೆಳಗಿನ ಹುಡುಗಿಯರ ಊಟದ ಖರ್ಚು, ಎಲ್ಲ ಅವಳ ಲೆಕ್ಕಕ್ಕೇ. ಹಾಗಾಗಿ ದುಡಿದಷ್ಟೂ ಸಾಲ ಜಾಸ್ತಿ. ಬೇರೆ ಬೇರೆ ಸೀಮೆಗಳಿಂದ ಬಂದವರ ಹಳ್ಳಿ ಮಾತು ಗಿರಾಕಿಗೆ ಗೊತ್ತಾಗಬಾರದು ಎಂದು ಎಲ್ಲರಿಗೂ ಒಂದೇ ಧಾಟಿಯ ಕೇರಿಭಾಷೆ ಕಲಿಸುತ್ತಿದ್ದರು. ಊರು ಮಾತ್ರವಲ್ಲ, ಊರಿನ ಮಾತೂ ಹೋಗುತ್ತಿತ್ತು.

ಹೊರಗಿನವರು ಕಂಡದ್ದು ಬೇರೆಯೇ. ನಡುಬೀದಿ ನಾಕಾನೊಚೊದಲ್ಲಿ ಪ್ರತಿ ವಸಂತಕ್ಕೆ ಹೂಬಿಟ್ಟ ಚೆರಿ ಗಿಡಗಳನ್ನು ತಂದು ನೆಡುತ್ತಿದ್ದರು, ಹೂ ಉದುರಿದ ಮೇಲೆ ಕಿತ್ತು ಒಯ್ಯುತ್ತಿದ್ದರು. ಅದೇ ಬೀದಿಯಲ್ಲಿ ಓಯ್ರಾನ್, ಅಂದರೆ ಮೇಲ್ದರ್ಜೆಯ ವೇಶ್ಯೆ, ಎತ್ತರದ ಮರದ ಪಾದುಕೆ ತೊಟ್ಟು, ತಲೆ ತುಂಬ ಪಿನ್ನು ಸಿಕ್ಕಿಸಿಕೊಂಡು, ಹುಡುಗಿಯರನ್ನು ಹಿಂದಿಟ್ಟುಕೊಂಡು ಮೆರವಣಿಗೆಯಲ್ಲಿ ಬರುತ್ತಿದ್ದಳು. ಕಿತಾಗಾವ ಉತಾಮಾರೊ ಮುಂತಾದವರು ಬಿಡಿಸಿದ ಮರದಚ್ಚಿನ ಚಿತ್ರಗಳಲ್ಲಿ ನಾವು ನೋಡುವುದು ಇವರನ್ನೇ. ಹೆಬ್ಬಾಗಿಲ ಮುಂದೆಯೇ ತ್ಸುತಾಯಾ ಜೂಝಾಬುರೊ ಎಂಬವನ ಪುಸ್ತಕದಂಗಡಿ ಇತ್ತು. 1750ರಲ್ಲಿ ಇದೇ ಯೊಶಿವಾರದಲ್ಲಿ ಹುಟ್ಟಿದವನು. ಯಾವ ಮನೆಯಲ್ಲಿ ಯಾರಿದ್ದಾರೆ, ಯಾವ ದರ್ಜೆ ಎಂದು ತಿಳಿಸುವ ಗೈಡ್‌ಪುಸ್ತಕ ಅಚ್ಚುಹಾಕಿ ಮೇಲೆ ಬಂದ. ಮುಂದೆ ಉತಾಮಾರೊನನ್ನು ಬೆಳೆಸಿದ್ದೂ ಅವನೇ. ಅಂದರೆ ಯೊಶಿವಾರಕ್ಕೆ ಗೈಡ್ ಎನ್ನುವುದು ಹೊಸದಲ್ಲ!

ಈ ಚಿತ್ರಗಳು ಸುಳ್ಳಲ್ಲ. ಆದರೆ ಅವು ತುದಿಯಲ್ಲಿದ್ದ ಕೆಲವೇ ಹೆಂಗಸರದ್ದು. ಹದಿನೆಂಟನೇ ಶತಮಾನದಲ್ಲಿ ಇಲ್ಲಿ ಎರಡು-ಮೂರು ಸಾವಿರ ಹೆಂಗಸರಿದ್ದರು. ಅವರಲ್ಲಿ ಹೆಚ್ಚಿನವರು ರಸ್ತೆಗೆ ಮುಖಮಾಡಿದ ಮರದ ಜಾಲರಿಯ ಹಿಂದೆ ಸಾಲಾಗಿ ಕೂರುತ್ತಿದ್ದರು. ಗಂಡಸರು ಹೊರಗೆ ನಿಂತು ನೋಡಿ ಆರಿಸುತ್ತಿದ್ದರು. ಹಳ್ಳದ ಅಂಚಿನ ಸಾಲುಮನೆಗಳಲ್ಲಿ ಇದ್ದವರಿಗೆ ಅಷ್ಟೂ ಇರಲಿಲ್ಲ. ಜಾಲರಿ ಪದ್ಧತಿ ನಿಂತದ್ದು 1916ರಲ್ಲಿ. ಅದರ ಬದಲು ಫೋಟೊ ತೂಗುಹಾಕಿದರು.

ಬೆಂಕಿಯ ವಿಷಯ ಬಿಟ್ಟರೆ ಈ ಕೇರಿಯ ಚರಿತ್ರೆ ಪೂರ್ತಿಯಾಗುವುದಿಲ್ಲ. ಯೊಶಿವಾರ ಮತ್ತೆ ಮತ್ತೆ ಸುಟ್ಟುಹೋಯಿತು. ಎಷ್ಟೋ ಸಲ ಬೆಂಕಿ ಇಟ್ಟವರು ಒಳಗಿನ ಹೆಂಗಸರೇ. 1849ರಲ್ಲಿ ಉಮೆಮೊತೊಯಾ ಎಂಬ ಮನೆಯ 16 ಹೆಂಗಸರು ಒಟ್ಟಾಗಿ ಬೆಂಕಿ ಹಚ್ಚಿದರು. ಓಡಿಹೋಗಲಿಲ್ಲ. ನೇರ ಕೇರಿಯ ಮುಖಂಡನ ಮನೆಗೆ ಹೋಗಿ ನಾವೇ ಹಚ್ಚಿದ್ದು ಎಂದು ಹೇಳಿದರು. ಮಾಲೀಕನ ಹೊಡೆತ, ತಿನ್ನಲಾಗದ ಊಟ, ಇವನ್ನು ಕೆಲವರು ಬರೆದಿಟ್ಟಿದ್ದರು. ಆ ಬರಹ ವಿಚಾರಣೆಯ ದಾಖಲೆಯಲ್ಲಿ ಸೇರಿ ಉಳಿದುಕೊಂಡಿತು. ಮಾಲೀಕನಿಗೂ ಶಿಕ್ಷೆಯಾಯಿತು. ನನಗೆ ಕೇಳಿದರೆ, ಉತಾಮಾರೊನ ನೂರು ಚಿತ್ರಕ್ಕಿಂತ ಆ ಕೆಲವು ಪುಟಗಳು ಯೊಶಿವಾರವನ್ನು ಚೆನ್ನಾಗಿ ತೋರಿಸುತ್ತವೆ. ಇನ್ನೊಂದು ಕಹಿ ಸಂಗತಿ: ಸುಟ್ಟ ಮೇಲೆ ಮನೆ ಕಟ್ಟುವ ತನಕ ಊರೊಳಗೆ ಬಾಡಿಗೆ ಮನೆಯಲ್ಲಿ ವ್ಯಾಪಾರ ಮಾಡಲು ಬಿಡುತ್ತಿದ್ದರು. ಅಲ್ಲಿ ಗಿರಾಕಿ ಜಾಸ್ತಿ ಬರುತ್ತಿದ್ದರು. ಬೆಂಕಿ ಬಿದ್ದರೆ ಖುಷಿಪಡುವ ಮಾಲೀಕರೂ ಇದ್ದರು.

ಶೋಗುನರ ಕಾಲ ಮುಗಿದು ಚಕ್ರವರ್ತಿಯ ಹೆಸರಿನ ಹೊಸ ಮೆಇಜಿ ಸರ್ಕಾರ ಬಂತು. 1872ರಲ್ಲಿ ಮರಿಯಾ ಲೂಸ್ ಎಂಬ ಪೆರು ದೇಶದ ಹಡಗು ಯೊಕೊಹಾಮಾದಲ್ಲಿ ನಿಂತಿತು. ಅದರಲ್ಲಿ ಇನ್ನೂರಕ್ಕೂ ಹೆಚ್ಚು ಚೀನೀ ಕೂಲಿಗಳು. ಒಬ್ಬ ನೀರಿಗೆ ಹಾರಿ, ಈಜಿ, ಪಕ್ಕದ ಬ್ರಿಟಿಷ್ ಹಡಗು ಹತ್ತಿ ಗೋಳು ಹೇಳಿಕೊಂಡ. ಜಪಾನ್ ವಿಚಾರಣೆ ನಡೆಸಿ, ಇದು ಗುಲಾಮಗಿರಿ ಎಂದು ಎಲ್ಲರನ್ನೂ ಬಿಡಿಸಿತು. ಹಡಗಿನ ಪರ ವಕೀಲ ತಕ್ಷಣ ಕೇಳಿದ: ನಿಮ್ಮ ದೇಶದಲ್ಲೇ ಹೆಂಗಸರನ್ನು ಕರಾರಿನ ಮೇಲೆ ಮಾರುತ್ತೀರಲ್ಲ, ಅದೇನು?

ಹೊರಗಿನವರ ಮುಂದೆ ಮಾನ ಹೋಯಿತು. ಅದೇ ವರ್ಷ ವೇಶ್ಯೆಯರನ್ನೂ, ಹಾಡು-ಕುಣಿತದ ಗೇಶಾಗಳನ್ನೂ ಬಿಡುಗಡೆ ಮಾಡುವ ಆದೇಶ ಬಂತು. ಅದರ ಹಿಂದೆಯೇ ಬಂದ ನ್ಯಾಯ ಇಲಾಖೆಯ ಸುತ್ತೋಲೆಯ ತರ್ಕ ಕೇಳಿ. ಈ ಹೆಂಗಸರು ಮನುಷ್ಯರ ಹಕ್ಕು ಕಳೆದುಕೊಂಡು ದನ-ಕುದುರೆಗಳಂತೆ ಆಗಿದ್ದಾರೆ. ದನ-ಕುದುರೆಗಳಿಂದ ಸಾಲ ವಾಪಸ್ ಕೇಳಲು ಆಗುತ್ತದೆಯೇ? ಆದ್ದರಿಂದ ಸಾಲ ಮನ್ನಾ! ಜನ ಅದಕ್ಕೆ 'ದನ-ಕುದುರೆ ಬಿಚ್ಚುವ ಕಾನೂನು' ಎಂದೇ ಹೆಸರಿಟ್ಟರು. ಬಿಡುಗಡೆಯಾದವರು ಎಲ್ಲಿಗೆ ಹೋಗಬೇಕು ಎಂದು ಯಾರೂ ಯೋಚಿಸಲಿಲ್ಲ. ಮರುವರ್ಷವೇ ಟೋಕಿಯೊದಲ್ಲಿ ಹೊಸ ನಿಯಮ: ವೇಶ್ಯಾಗೃಹಗಳು ಇನ್ನು 'ಬಾಡಿಗೆ ಕೋಣೆ'ಗಳು, ಹೆಂಗಸು ತನ್ನಿಷ್ಟದಿಂದ ಕೋಣೆ ಹಿಡಿದು ದುಡಿಯುವವಳು. ಮನೆ ಅದೇ, ಮಾಲೀಕ ಅವನೇ, ಸಾಲವೂ ಹೊಸ ಹೆಸರಿನಲ್ಲಿ ವಾಪಸ್ ಬಂತು.

1900ರಲ್ಲಿ ಬಂದ ನಿಯಮ ಹೆಂಗಸಿಗೆ ತಾನಾಗಿ ಕಸುಬು ಬಿಡುವ ಹಕ್ಕು ಕೊಟ್ಟಿತು. ಅದೇ ವರ್ಷ, ಕಸುಬು ಬಿಡಿ ಎಂದು ಹೇಳಲು ಯೊಶಿವಾರಕ್ಕೆ ಬಂದ ಸಾಲ್ವೇಷನ್ ಆರ್ಮಿ ಎಂಬ ಕ್ರೈಸ್ತ ಸೇವಾಸಂಸ್ಥೆಯವರಿಗೆ ಏಟು ಬಿತ್ತು. 1911ರ ಏಪ್ರಿಲ್‌ನಲ್ಲಿ ಇಡೀ ಕೇರಿ ಮತ್ತೆ ಸುಟ್ಟಾಗ, ಇನ್ನು ಕಟ್ಟುವುದೇ ಬೇಡ ಎಂಬ ಚಳವಳಿ ಎದ್ದಿತು. ಆದರೂ ಕಟ್ಟಿದರು.

ಬೀದಿಯ ಕೊನೆಗೆ ಯೊಶಿವಾರ ದೇವಾಲಯ. ಅದನ್ನು ದಾಟಿದರೆ ಬೆಂಝೈತೆನ್ ಗುಡಿ. ಬೆಂಝೈತೆನ್ ಎಂದರೆ ನಮ್ಮ ಸರಸ್ವತಿಯೇ, ಬೌದ್ಧರ ಜೊತೆ ಅಲ್ಲಿಗೆ ಹೋದವಳು. ಜಪಾನಿನಲ್ಲಿ ಅವಳು ನೀರಿರುವ ಕಡೆಯೇ ಹೆಚ್ಚು. ಇಲ್ಲೂ ಒಂದು ಕೊಳ ಇತ್ತು. 1923ರ ಸೆಪ್ಟೆಂಬರ್ 1ರ ಭೂಕಂಪದ ನಂತರ ಬೆಂಕಿ ಹಬ್ಬಿದಾಗ ಹೆಂಗಸರು ಈ ಕೊಳಕ್ಕೆ ಹಾರಿದರು. ಒಬ್ಬರ ಮೇಲೊಬ್ಬರು ಬಿದ್ದು, 490 ಜನ ಸತ್ತರು ಎನ್ನುತ್ತಾರೆ. ಅವರ ನೆನಪಿಗೆ ನಿಲ್ಲಿಸಿದ ಕನ್ನೊನ್, ಅಂದರೆ ಬೌದ್ಧರ ಕರುಣೆಯ ದೇವತೆ, ವಿಗ್ರಹ ಕಲ್ಲುಗುಡ್ಡೆಯ ಮೇಲಿದೆ. ಕೊಳದ ಬಹುಭಾಗವನ್ನು 1959ರಲ್ಲಿ ಟೆಲಿಫೋನ್ ಕಟ್ಟಡಕ್ಕಾಗಿ ಮುಚ್ಚಿದರು.

1945ರ ಮಾರ್ಚ್ 10ರ ಬಾಂಬ್ ದಾಳಿಯಲ್ಲಿ ಮತ್ತೆ ಎಲ್ಲ ಬೂದಿ. ಯುದ್ಧ ಸೋತ ಮೇಲೆ, 1946ರಲ್ಲಿ, ಅಮೆರಿಕನ್ ಆಡಳಿತ ಲೈಸೆನ್ಸ್ ಪದ್ಧತಿಯನ್ನು ರದ್ದು ಮಾಡಿತು. ಮನೆಗಳು 'ವಿಶೇಷ ರೆಸ್ಟೋರೆಂಟ್' ಎಂದು ಬೋರ್ಡು ಬದಲಿಸಿಕೊಂಡವು. ಪೊಲೀಸರು ಇಂಥ ಜಾಗಗಳ ಸುತ್ತ ನಕ್ಷೆಯಲ್ಲಿ ಕೆಂಪು ಗೆರೆ ಎಳೆಯುತ್ತಿದ್ದರು. ಹಾಗಾಗಿ ಜಪಾನಿನಲ್ಲಿ ಇದು ಕೆಂಪು ದೀಪದ ಬೀದಿಯಲ್ಲ, ಕೆಂಪು ಗೆರೆಯ ಬೀದಿ. 1956ರಲ್ಲಿ ವೇಶ್ಯಾವೃತ್ತಿ ತಡೆ ಕಾಯ್ದೆ ಬಂತು. ಅದರ ಶಿಕ್ಷೆಯ ಕಲಮುಗಳು 1958ರ ಏಪ್ರಿಲ್ 1ರಿಂದ ಜಾರಿಯಾದವು. ಗಿರಾಕಿ ಹುಡುಕುವುದು, ದಲ್ಲಾಳಿ ಕೆಲಸ, ಜಾಗ ಕೊಡುವುದು, ಇವೆಲ್ಲ ಅಪರಾಧ. ಕೊಂಡ ಗಂಡಸಿಗೆ ಮಾತ್ರ ಶಿಕ್ಷೆ ಇಲ್ಲ.

ಆಮೇಲೆ ಬಂದವು 'ಟರ್ಕಿ ಸ್ನಾನ'ದ ಅಂಗಡಿಗಳು. ಸ್ನಾನ ಮಾಡಿಸುವ ಕೋಣೆ, ಒಳಗೆ ನಡೆಯುವುದು ಇಬ್ಬರ ಖಾಸಗಿ ವಿಷಯ ಎಂಬ ನೆಪ. ನಮ್ಮ ದೇಶದ ಹೆಸರು ಕೆಡಿಸಬೇಡಿ ಎಂದು ಟರ್ಕಿಯ ವಿದ್ಯಾರ್ಥಿಯೊಬ್ಬ ದೂರು ಕೊಟ್ಟ ಮೇಲೆ 1984ರಲ್ಲಿ 'ಸೋಪ್‌ಲ್ಯಾಂಡ್' ಎಂದು ಹೆಸರು ಬದಲಾಯಿತು. ಇವತ್ತಿಗೂ ಈ ಆಯತದ ತುಂಬ ಅವೇ. ಬಾಗಿಲಲ್ಲಿ ಕಪ್ಪು ಸೂಟಿನ ಗಂಡಸರು ನಿಂತಿರುತ್ತಾರೆ. ಕ್ಯಾಮೆರಾ ಒಳಗಿಟ್ಟು ನಡೆಯುವುದು ಮರ್ಯಾದೆ. ಇದು ಮ್ಯೂಸಿಯಂ ಅಲ್ಲ, ಒಳಗೆ ಕೆಲಸ ಮಾಡುತ್ತಿರುವವರು ಇದ್ದಾರೆ.

ಪ್ರವಾಸದಲ್ಲಿ ಏನು ಹೇಳಬೇಕು ಎಂಬುದೇ ಈಗ ಜಗಳ. 2024ರ ವಸಂತದಲ್ಲಿ ಟೋಕಿಯೊ ಕಲಾ ವಿಶ್ವವಿದ್ಯಾಲಯದ ಮ್ಯೂಸಿಯಂ ಯೊಶಿವಾರದ ಬಗ್ಗೆ ದೊಡ್ಡ ಪ್ರದರ್ಶನ ಏರ್ಪಡಿಸಿತು. ಅದರ ಪ್ರಚಾರ ಹಬ್ಬದ ಧಾಟಿಯಲ್ಲಿತ್ತು. ಹೆಣ್ಣುಮಕ್ಕಳನ್ನು ಮಾರಿದ ಜಾಗವನ್ನು ಹೀಗೆ ಮೆರೆಸುವುದೇ ಎಂದು ಸೋಷಿಯಲ್ ಮೀಡಿಯಾದಲ್ಲಿ ಜನ ತಿರುಗಿಬಿದ್ದರು. ಆಯೋಜಕರು ವಿವರಣೆ ಕೊಟ್ಟು ಪ್ರಚಾರದ ಧಾಟಿ ಬದಲಿಸಿದರು. 2025ರಲ್ಲಿ ಜಪಾನಿನ ಸಾರ್ವಜನಿಕ ಟಿವಿ ಅದೇ ತ್ಸುತಾಯಾನ ಬದುಕಿನ ಮೇಲೆ ವರ್ಷವಿಡೀ ಧಾರಾವಾಹಿ ಪ್ರಸಾರ ಮಾಡಿತು, ಜನ ಇಲ್ಲಿಗೆ ಬರತೊಡಗಿದರು. ಅಸಾಕುಸಾದಲ್ಲಿ ವಸಂತದಲ್ಲಿ ಓಯ್ರಾನ್ ಮೆರವಣಿಗೆಯ ಅಣಕು ನಡೆಯುತ್ತದೆ. ನೋಡಲು ಚೆಂದವೇ. ಆದರೆ ಸಾಲದ ಪುಸ್ತಕ ಹಿಡಿದು ಯಾರೂ ಹಿಂದೆ ನಡೆಯುವುದಿಲ್ಲ.

ನಡಿಗೆಯನ್ನು ಮಿನೋವಾದಲ್ಲೇ ಮುಗಿಸುವುದು ಒಳ್ಳೆಯದು. ನಿಲ್ದಾಣದ ಹತ್ತಿರ ಜೋಕಾನ್‌ಜಿ ಎಂಬ ಬೌದ್ಧ ದೇವಸ್ಥಾನ ಇದೆ. ಜನ ಅದನ್ನು ಕರೆದದ್ದು 'ಎಸೆದುಹೋಗುವ ಗುಡಿ' ಎಂದು. ಕೇಳುವವರಿಲ್ಲದೆ ಸತ್ತ ಹೆಂಗಸರನ್ನು ಚಾಪೆಯಲ್ಲಿ ಸುತ್ತಿ ಇಲ್ಲಿ ಬಿಟ್ಟುಹೋಗುತ್ತಿದ್ದರು. 1855ರ ಭೂಕಂಪದಲ್ಲಿ ಸತ್ತವರನ್ನೂ ರಾಶಿಯಾಗಿ ತಂದರು. ಎಲ್ಲ ಸೇರಿ 25,000 ಎನ್ನುವ ಅಂದಾಜಿದೆ. ಹಿತ್ತಲಿನ ಸ್ಮಶಾನದಲ್ಲಿ ಅವರೆಲ್ಲರಿಗೂ ಸೇರಿ ಒಂದೇ ಗೋರಿಗೋಪುರ. ಎದುರಿಗೆ ನಾಗಾಯ್ ಕಾಫೂ ಎಂಬ ಸಾಹಿತಿಯ ಸ್ಮಾರಕ. ಯೊಶಿವಾರವನ್ನು ಪ್ರೀತಿಸಿದವನು, ತನ್ನನ್ನೂ ಈ ಹೆಂಗಸರ ನಡುವೆಯೇ ಹೂಳಿ ಎಂದು ಬಯಸಿದ್ದ. ಮಣ್ಣು ಮಾಡಿದ್ದು ಬೇರೆ ಕಡೆ, ಆದರೂ ಕಲ್ಲಿನ ಮೇಲೆ ಅವನ ಹೆಸರಿದೆ, ಪದ್ಯ ಇದೆ. ಹೆಂಗಸರ ಗೋಪುರದ ಬುಡದಲ್ಲಿ ಒಂದು ಸಣ್ಣ ಕಿಂಡಿ, ಅದಕ್ಕೆ ಜಾಲರಿ. ಬಗ್ಗಿ ನೋಡಿದರೆ ಒಳಗೆ ಕತ್ತಲಲ್ಲಿ ಅಸ್ಥಿಯ ಬಿಳಿ ಮಡಕೆಗಳು ಸಾಲಾಗಿ ಕೂತಿವೆ.