ಮೋಡ ಬಿತ್ತನೆ: ಯುದ್ಧಕ್ಕೆ ನಿಷೇಧ, ಬರಕ್ಕೆ ಪರವಾನಗಿ

ಮಿರಗ ಹೋಗಿ ಆರಿದ್ರ ಬಂದರೂ ಹನಿ ಬೀಳದಿದ್ದರೆ ವಿಜಯಪುರ, ಬಾಗಲಕೋಟೆ ಕಡೆಯ ಹಳ್ಳಿಗಳಲ್ಲಿ ಮಳೆ ಬೇಡುವ ಗುರ್ಜಿ ಹೊರಡುತ್ತದೆ. ರೊಟ್ಟಿ ಹಂಚಿನ ಮೇಲೆ ಸಗಣಿಯ ಗುರ್ಜಿ ಕೂರಿಸಿ, ಗರಿಕೆ ಸಿಕ್ಕಿಸಿ ತಲೆ ಮೇಲೆ ಹೊತ್ತು ಬಂದರೆ ಮನೆಮನೆಯವರು ಕೊಡದಿಂದ ನೀರು ಸುರಿಯುತ್ತಾರೆ. ಅದೇ ಹೊತ್ತಿಗೆ ಇನ್ನೊಂದು ಕೂಗೂ ಏಳುತ್ತದೆ: ಮೋಡ ಬಿತ್ತನೆ ಮಾಡಿಸಿ. ಈ ಎರಡನೆಯ ವಿದ್ಯೆಗೆ ಎಂಬತ್ತು ವರ್ಷಗಳ ಚರಿತ್ರೆಯಿದೆ, ಅದರ ನಡುವೆ ಒಂದು ಅಂತಾರಾಷ್ಟ್ರೀಯ ನಿಷೇಧವೂ ಇದೆ.

1946ರ ನವೆಂಬರ್ 13ರಂದು ಅಮೆರಿಕದ ವಿನ್ಸೆಂಟ್ ಶೇಫರ್ ಮ್ಯಾಸಚೂಸೆಟ್ಸ್‌ನ ಮೋಡವೊಂದಕ್ಕೆ ವಿಮಾನದಿಂದ ಒಂದೂವರೆ ಕಿಲೋದಷ್ಟು ಡ್ರೈ ಐಸ್ (ಹೆಪ್ಪುಗಟ್ಟಿಸಿದ ಇಂಗಾಲದ ಡೈಆಕ್ಸೈಡ್) ಸುರಿದರು. ಮೋಡದಿಂದ ಹಿಮ ಉದುರಿತು. ಅದೇ ತಿಂಗಳು ಅವರ ಸಹೋದ್ಯೋಗಿ ಬರ್ನಾರ್ಡ್ ವೊನೆಗಟ್ ಸಿಲ್ವರ್ ಅಯೊಡೈಡ್‌ನ ಗುಣ ಕಂಡುಹಿಡಿದರು. ಅದರ ಹರಳಿನ ರಚನೆ ಮಂಜಿನ ಹರಳನ್ನೇ ಹೋಲುವುದರಿಂದ ಮೋಡದ ನೀರು ಅದಕ್ಕೆ ಅಂಟಿ ಹೆಪ್ಪುಗಟ್ಟುತ್ತದೆ.

ಇಪ್ಪತ್ತು ವರ್ಷ ಕಳೆಯುವಷ್ಟರಲ್ಲಿ ಸೈನ್ಯ ಇದನ್ನು ಕೈಗೆತ್ತಿಕೊಂಡಿತು. 1967ರ ಮಾರ್ಚ್‌ನಿಂದ 1972ರ ಜುಲೈವರೆಗೆ ಅಮೆರಿಕದ ವಾಯುಪಡೆ ವಿಯೆಟ್ನಾಂ ಯುದ್ಧದಲ್ಲಿ ಉತ್ತರ ವಿಯೆಟ್ನಾಂ ಸರಬರಾಜು ಸಾಗಿಸುತ್ತಿದ್ದ ಹೋ ಚಿ ಮಿನ್ ದಾರಿಯ ಮೇಲಿನ ಮೋಡಗಳಿಗೆ ಗುಟ್ಟಾಗಿ ಬಿತ್ತನೆ ಮಾಡಿತು. ಮಳೆಗಾಲ ಉದ್ದವಾಗಲಿ, ರಸ್ತೆ ಕೆಸರಾಗಲಿ, ಲಾರಿಗಳು ಹೂತುಕೊಳ್ಳಲಿ ಎಂಬುದು ಲೆಕ್ಕ. ಒಟ್ಟು 2,602 ಹಾರಾಟ. ಪತ್ರಿಕೆಗಳು ಬಯಲು ಮಾಡಿದ ಮೇಲೆ ಜಗತ್ತು ಎಚ್ಚೆತ್ತಿತು. ಹವೆಯನ್ನೂ ಪರಿಸರವನ್ನೂ ಆಯುಧ ಮಾಡಿಕೊಳ್ಳಬಾರದೆಂಬ ಒಪ್ಪಂದ 1977ರ ಮೇ 18ರಂದು ಜಿನೀವಾದಲ್ಲಿ ಸಹಿಗೆ ಬಂತು, 1978ರ ಅಕ್ಟೋಬರ್ 5ರಿಂದ ಜಾರಿಯಾಯಿತು. ಭಾರತವೂ ಅದಕ್ಕೆ ಬದ್ಧ. ವಿಶಾಲ ಪ್ರದೇಶಕ್ಕೆ, ದೀರ್ಘಕಾಲ ಅಥವಾ ತೀವ್ರವಾಗಿ ಹಾನಿ ತಟ್ಟುವಂಥ ಬಳಕೆಗೆ ಮಾತ್ರ ಈ ನಿಷೇಧ. ಶಾಂತಿಯ ಕೆಲಸಕ್ಕೆ, ಅಂದರೆ ಬೆಳೆಗೆ ನೀರು ಕೊಡಲು, ಒಪ್ಪಂದವೇ ದಾರಿ ಬಿಟ್ಟಿದೆ. ಅದು ದೇಶದೇಶಗಳ ನಡುವಿನ ಮಾತು. ಮಹಾರಾಷ್ಟ್ರದ ಸೊಲ್ಲಾಪುರದಲ್ಲಿ ಬಿತ್ತಿದರೆ ವಿಜಯಪುರ ಜಿಲ್ಲೆಯ ಇಂಡಿ ಊರಿನ ಮಳೆ ಹೋಯಿತೆಂಬ ತಕರಾರಿಗೆ ಅದರಲ್ಲಿ ಉತ್ತರ ಹುಡುಕಬಾರದು.

ನಮ್ಮ ಭಾಗಕ್ಕೆ ಈ ವಿದ್ಯೆಯ ಆಸೆ ಹುಟ್ಟಿಸಿದ್ದು ಸಹ್ಯಾದ್ರಿ. ಅರಬ್ಬಿ ಸಮುದ್ರದ ಗಾಳಿ ಘಟ್ಟ ಏರುವಾಗಲೇ ನೀರು ಇಳಿಸಿಬಿಡುತ್ತದೆ. ಬೆಳಗಾವಿ ಜಿಲ್ಲೆಯದೇ ಖಾನಾಪುರದ ಕಾಡಿನಲ್ಲಿ ವರ್ಷಕ್ಕೆ ಸಾವಿರಾರು ಮಿಲಿಮೀಟರ್ ಮಳೆಯಾದರೆ, ವಿಜಯಪುರಕ್ಕೆ ಸಿಗುವುದು 600ರ ಆಸುಪಾಸು. ಮೋಡ ತಲೆ ಮೇಲೆ ಹಾಯುತ್ತದೆ, ನೆಲ ಮಾತ್ರ ಒಣ. ಆ ಮೋಡದ ಒಂದು ಹನಿಯ ಅಗಲ ಮಿಲಿಮೀಟರಿನ ನೂರನೇ ಒಂದೆರಡು ಪಾಲು. ನೆಲ ಮುಟ್ಟಬಲ್ಲ ಒಂದು ಮಳೆಹನಿ ಆಗಬೇಕಾದರೆ ಅಂಥ ಸುಮಾರು ಹತ್ತು ಲಕ್ಷ ಹನಿಗಳು ಕೂಡಬೇಕು. ಬಿತ್ತನೆ ಮಾಡುವುದು ಈ ಕೂಡುವಿಕೆಗೆ ನೆರವು, ಅಷ್ಟೇ. ಮೋಡವನ್ನು ಅದು ಹುಟ್ಟಿಸುವುದಿಲ್ಲ.

ಕ್ರಮ ಎರಡು. ಮಳೆಗಾಲದಲ್ಲಿ ನಮ್ಮಲ್ಲಿ ಶೂನ್ಯ ಡಿಗ್ರಿ ಸಿಗುವುದು ಸುಮಾರು 5 ಕಿ.ಮೀ. ಎತ್ತರದಲ್ಲಿ. ಅದನ್ನೂ ದಾಟಿ ಬೆಳೆದ ಮೋಡದ ತಲೆಗೆ ಸಿಲ್ವರ್ ಅಯೊಡೈಡ್. ಉಷ್ಣತೆ ಮೈನಸ್ 5ಕ್ಕಿಂತ ಕೆಳಗಿದ್ದು, ನೀರು ಇನ್ನೂ ಹೆಪ್ಪುಗಟ್ಟದೆ ಉಳಿದಿದ್ದರೆ ಮಾತ್ರ ಅದು ಕೆಲಸ ಮಾಡುತ್ತದೆ. ಗಿಡ್ಡ ಮೋಡಕ್ಕೆ ಉಪ್ಪು: ಕ್ಯಾಲ್ಸಿಯಂ ಕ್ಲೋರೈಡ್‌ನಂಥ ಲವಣ ತುಂಬಿದ, ಸುಮಾರು ಕಿಲೋ ತೂಕದ ಕೊಳವೆಗಳನ್ನು ವಿಮಾನದ ರೆಕ್ಕೆಗೆ ಕಟ್ಟಿರುತ್ತಾರೆ. ಪೈಲಟ್ ಮೋಡದ ತಳದಲ್ಲಿ ಗಾಳಿ ಮೇಲಕ್ಕೆ ಎಳೆಯುವ ಜಾಗ ಹುಡುಕಿ ಅಲ್ಲೇ ಸುತ್ತು ಹಾಕುತ್ತ ಕೊಳವೆ ಹೊತ್ತಿಸುತ್ತಾನೆ. ಮೂರ್ನಾಲ್ಕು ನಿಮಿಷ ಉರಿದು ಹೊಗೆಯೆಲ್ಲ ಮೋಡದೊಳಗೆ ಹೋಗುತ್ತದೆ. ತೇವ ಎಳೆದುಕೊಂಡ ದೊಡ್ಡ ಕಣಗಳು ಸಣ್ಣ ಹನಿಗಳಿಗೆ ಡಿಕ್ಕಿ ಹೊಡೆದು ನುಂಗುತ್ತ ಇಳಿಯುತ್ತವೆ.

ಕೆಡುವುದೂ ಇಲ್ಲೇ. ಮೇಲಕ್ಕೆ ಎಳೆತ ನಿಂತ ಮುದಿ ಮೋಡಕ್ಕೆ ಬಿತ್ತಿದರೆ ಖರ್ಚಷ್ಟೇ ಆಗುತ್ತದೆ. ಸಿಲ್ವರ್ ಅಯೊಡೈಡ್ ಅತಿಯಾದರೆ ಇದ್ದಷ್ಟು ನೀರಿಗೇ ಹರಳುಗಳು ಪೈಪೋಟಿ ನಡೆಸಿ ಒಂದೂ ದೊಡ್ಡದಾಗುವುದಿಲ್ಲ. ಕೆಳಗಿನ ಗಾಳಿ ಒಣಗಿದ್ದರೆ ಬಿದ್ದ ಹನಿ ದಾರಿಯಲ್ಲೇ ಆರುತ್ತದೆ. ಎಲ್ಲಾ ಸರಿಯಿದ್ದರೂ ಮಳೆ ಇಳಿಯುವುದು ಸ್ವಲ್ಪ ಹೊತ್ತಿನ ಮೇಲೆ. ಅಷ್ಟರಲ್ಲಿ ಗಾಳಿ ಮೋಡವನ್ನು ಮುಂದಿನ ಊರಿಗೆ ಒಯ್ದಿರುತ್ತದೆ. ಬಾದಾಮಿಗೇ ಬೀಳಲಿ, ಹುನಗುಂದಕ್ಕೆ ಬೇಡ ಎನ್ನಲು ಬರುವುದಿಲ್ಲ.

ಫಲ ಅಳೆಯುವುದು ಇನ್ನೂ ಕಷ್ಟ, ಏಕೆಂದರೆ ಆ ಮೋಡ ತಾನಾಗಿಯೇ ಸುರಿಯುತ್ತಿತ್ತೋ ಏನೋ. ಅದಕ್ಕೇ ಪುಣೆಯ ಭಾರತೀಯ ಉಷ್ಣವಲಯ ಹವಾಮಾನ ಸಂಸ್ಥೆ 2018 ಮತ್ತು 2019ರಲ್ಲಿ ವಿಜಯಪುರದ ಪಕ್ಕದ ಸೊಲ್ಲಾಪುರದಲ್ಲಿ ಮೋಡಗಳನ್ನು ಚೀಟಿ ಎತ್ತಿದಂತೆ ಆರಿಸಿ, ಕೆಲವಕ್ಕೆ ಬಿತ್ತಿ, ಕೆಲವನ್ನು ಹಾಗೇ ಬಿಟ್ಟು ಹೋಲಿಸಿತು. ಗಾಳಿ ಹೋಗುವ ದಿಕ್ಕಿನ 100 ಚದರ ಕಿ.ಮೀ.ನಲ್ಲಿ ಶೇ. 18ರಷ್ಟು ಹೆಚ್ಚು ಮಳೆ ಸಿಕ್ಕಿತು. 20 ಮಿ.ಮೀ. ಬೀಳುವಲ್ಲಿ ಮೂರೂವರೆ ಮಿ.ಮೀ. ಜಾಸ್ತಿ. ಎರೆಹೊಲದ ಬಿಳಿಜೋಳಕ್ಕೆ ಅದು ಸಣ್ಣದಲ್ಲ, ಆದರೆ ಬರ ಅಳಿಸುವ ಮಳೆಯೂ ಅಲ್ಲ.

ರಾಜ್ಯದಲ್ಲಿ ಬಿತ್ತನೆ ನಡೆದದ್ದೆಲ್ಲ ಬರದ ಬೆನ್ನಿಗೇ. 2003ರಲ್ಲಿ ‘ವರುಣ’, 2017ರ ಆಗಸ್ಟ್‌ನಲ್ಲಿ ಬೆಂಗಳೂರಿನ ಜಕ್ಕೂರು ವಿಮಾನ ನೆಲೆಯಿಂದ ‘ವರ್ಷಧಾರೆ’. 2023ರ ಆಗಸ್ಟ್ ದೇಶದಲ್ಲಿ 1901ರ ನಂತರದ ಅತ್ಯಂತ ಒಣ ಆಗಸ್ಟ್. ಬೆಳಗಾವಿಯಲ್ಲಿ ಬಿತ್ತನೆಯ ವಿಮಾನ ಹಾರಿದ್ದು ಸೆಪ್ಟೆಂಬರ್ ಕೊನೆಗೆ. ನಮ್ಮ ಆಕ್ಷೇಪ ಈ ಕ್ರಮದ ಬಗ್ಗೆಯೇ. ಬರ ಎಂದರೆ ಬಿತ್ತಲು ತಕ್ಕ ಮೋಡ ಕಡಿಮೆಯಾದ ಕಾಲ, ಅಂಥ ಮೋಡ ಇಲ್ಲದಾಗ ಬಿತ್ತಲು ಏನೂ ಇರುವುದಿಲ್ಲ. ಬೆಳಗಾವಿ, ವಿಜಯಪುರ, ಬಾಗಲಕೋಟೆ ಮೂರೂ ಜಿಲ್ಲೆಗೆ ಇದು ಬೇಕೇ ಬೇಕೆಂದಾದರೆ ರೆಡಾರ್, ವಿಮಾನ, ರಾಸಾಯನಿಕ, ಹಾರಾಟದ ಪರವಾನಗಿ ಎಲ್ಲವೂ ರೋಹಿಣಿ ಮಳೆಗೂ ಮುಂಚೆ ಸಿದ್ಧವಿರಬೇಕು. ಒಳ್ಳೆಯ ವರ್ಷವೂ ಬಿತ್ತಿ, ಆ ನೀರನ್ನು ಕೆರೆ, ಕೃಷಿಹೊಂಡಗಳಲ್ಲಿ ಹಿಡಿದಿಡಬೇಕು. ಹುಬ್ಬಿ, ಉತ್ತರಿ ಮಳೆಯ ದಿನಗಳಲ್ಲಿ ಮಧ್ಯಾಹ್ನದ ನಂತರ ಏಳುವ ಎತ್ತರದ ಮೋಡಗಳೇ ಇಲ್ಲಿಯ ದೊಡ್ಡ ಅವಕಾಶ. ಆಗಸ್ಟ್ ಕೊನೆಗೆ ಟೆಂಡರ್ ಕರೆದರೆ ವಿಮಾನ ಏಳುವಷ್ಟರಲ್ಲಿ ಹಸ್ತ ಮಳೆಯೂ ಮುಗಿದಿರುತ್ತದೆ.